ಹೋಲ್ಟರ್ ತಂತ್ರಾಂಶ ಮತ್ತು ಕಾಣೆಯಾದ ಡಿಎಲ್‌ಎಲ್: ಸಿಸ್ಟಮ್32ಗೆ ಕೈ ಹಾಕುವ ಮೊದಲು

ಪ್ರಶ್ನೆ: ನಮ್ಮ ಕ್ಲಿನಿಕ್‌ನಲ್ಲಿ 24 ಗಂಟೆಯ ಹೋಲ್ಟರ್ (ಮೈಮೇಲೆ ಕಟ್ಟಿಕೊಂಡು ಹೃದಯದ ಇಸಿಜಿ ದಾಖಲಿಸುವ ಪುಟ್ಟ ರೆಕಾರ್ಡರ್) ದಾಖಲೆಗಳನ್ನು ವಿಶ್ಲೇಷಿಸುವ ತಂತ್ರಾಂಶವಿದೆ. ಹಳೆಯ ಕಂಪ್ಯೂಟರ್ ನಿಧಾನವಾಯಿತೆಂದು ಅದರ ಫೋಲ್ಡರನ್ನು ಪೂರ್ತಿಯಾಗಿ ಪೆನ್‌ಡ್ರೈವ್‌ನಲ್ಲಿ ತಂದು ಹೊಸ ವಿಂಡೋಸ್ 11 ಕಂಪ್ಯೂಟರಿಗೆ ಹಾಕಿದೆವು. ತೆರೆದರೆ ‘ಎಂಎಸ್‌ವಿಸಿಆರ್100.ಡಿಎಲ್‌ಎಲ್ ಸಿಗುತ್ತಿಲ್ಲ’ ಎಂದಿತು. ಒಂದು ಜಾಲತಾಣದಿಂದ ಆ ಫೈಲ್ ಇಳಿಸಿಕೊಂಡು ತಂತ್ರಾಂಶದ ಫೋಲ್ಡರಿನಲ್ಲೇ ಇಟ್ಟೆವು. ಈಗ 0ಎಕ್ಸ್‌ಸಿ000007ಬಿ ಎಂಬ ದೋಷ ತೋರಿಸುತ್ತಿದೆ. ವಿಂಡೋಸ್‌ನ ಸ್ವಂತ ಫೋಲ್ಡರಾದ ಸಿಸ್ಟಮ್32ಗೆ ಹಾಕಿ ನೋಡಿ ಎಂದು ಕೆಲವರು ಹೇಳುತ್ತಿದ್ದಾರೆ. ಹಾಕಬಹುದೇ? ಹೇಗೋ ತೆರೆದುಕೊಂಡರೂ ಅದು ಕೊಡುವ ಬಡಿತದ ಎಣಿಕೆಯನ್ನು ನಂಬಬಹುದೇ? ಇದೇ ಯಂತ್ರದ ಮೊಬೈಲ್ ಆ್ಯಪನ್ನು ಒಂದು ಫೋನಿನಿಂದ ಇನ್ನೊಂದಕ್ಕೆ ಕಳಿಸಿದರೆ ಅದೂ ತೆರೆದ ಕೂಡಲೇ ಮುಚ್ಚಿಕೊಳ್ಳುತ್ತದೆ.

ಉತ್ತರ: ಸಿಸ್ಟಮ್32ಗೆ ಹಾಕಬೇಡಿ. ತಂತ್ರಾಂಶದ ಫೋಲ್ಡರಿನಲ್ಲಿ ಈಗಾಗಲೇ ಇಟ್ಟಿರುವ ಫೈಲನ್ನೂ ಮೊದಲು ಅಳಿಸಿ. ಯಾಕೆಂದು ತಿಳಿದರೆ ಮುಂದಿನ ಹೆಜ್ಜೆಗಳೆಲ್ಲ ಸುಲಭ.

ಒಂದು ಪ್ರೋಗ್ರಾಂ ತನಗೆ ಬೇಕಾದ ಕೆಲಸವನ್ನೆಲ್ಲ ತಾನೇ ಮಾಡುವುದಿಲ್ಲ. ಮೆಮೊರಿ ಪಡೆಯುವುದು, ಫೈಲ್ ಓದುವುದು, ಯುಎಸ್‌ಬಿ ಮೂಲಕ ರೆಕಾರ್ಡರ್ ಜೊತೆ ಮಾತಾಡುವುದು, ಇಸಿಜಿ ಅಲೆಯಲ್ಲಿ ಬಡಿತಗಳನ್ನು ಹುಡುಕುವುದು, ಇವೆಲ್ಲ ಬೇರೆ ಬೇರೆ ಲೈಬ್ರರಿ ಫೈಲುಗಳಲ್ಲಿ, ಅಂದರೆ ಡಿಎಲ್‌ಎಲ್‌ಗಳಲ್ಲಿ, ಇರುತ್ತವೆ. ಪ್ರೋಗ್ರಾಂ ತೆರೆದಾಗ ವಿಂಡೋಸ್ ಅವುಗಳನ್ನು ಹುಡುಕಿ ತಂದು ಜೋಡಿಸುತ್ತದೆ. ಸಾಮಾನ್ಯವಾಗಿ ಮೊದಲು ಹುಡುಕುವುದು ಪ್ರೋಗ್ರಾಂ ಇರುವ ಫೋಲ್ಡರಿನಲ್ಲಿ, ಆಮೇಲೆ ಸಿಸ್ಟಮ್ ಫೋಲ್ಡರಿನಲ್ಲಿ, ಕೊನೆಗೆ ಪಾತ್ ಎಂಬ, ವಿಂಡೋಸ್ ಇಟ್ಟುಕೊಂಡಿರುವ ಫೋಲ್ಡರುಗಳ ಪಟ್ಟಿಯಲ್ಲಿರುವ ಜಾಗಗಳಲ್ಲಿ. ನಿಮ್ಮ ತೊಂದರೆಯ ಗಂಟು ಇರುವುದು ಇಲ್ಲೇ. ಮುಂದೆ ನೀವು ಸರಿಯಾದ ಫೈಲನ್ನು ಸರಿಯಾದ ರೀತಿಯಲ್ಲೇ ಇನ್‌ಸ್ಟಾಲ್ ಮಾಡಿದರೂ, ಫೋಲ್ಡರಿನಲ್ಲಿ ಕುಳಿತ ತಪ್ಪು ಫೈಲೇ ಮೊದಲು ಕೈಗೆ ಸಿಗುತ್ತದೆ, ದೋಷ ಹಾಗೆಯೇ ಉಳಿಯುತ್ತದೆ. ‘ಎಲ್ಲ ಮಾಡಿದರೂ ಸರಿಯಾಗಲಿಲ್ಲ’ ಎಂಬ ದೂರುಗಳಲ್ಲಿ ಬಹಳಷ್ಟು ಈ ಜಾತಿಯವು.

0ಎಕ್ಸ್‌ಸಿ000007ಬಿ ಎಂದರೆ ‘ಫೈಲ್ ಸಿಕ್ಕಿದೆ, ಆದರೆ ಅದರ ಅಚ್ಚು ನನಗೆ ಹೊಂದುವುದಿಲ್ಲ’ ಎಂದರ್ಥ. ಹತ್ತರಲ್ಲಿ ಒಂಬತ್ತು ಸಲ ಕಾರಣ, 32 ಬಿಟ್ ಪ್ರೋಗ್ರಾಮಿಗೆ 64 ಬಿಟ್ ಡಿಎಲ್‌ಎಲ್ ಕೊಟ್ಟಿರುವುದು ಅಥವಾ ಅದರ ತಿರುವುಮುರುವು. 32 ಬಿಟ್, 64 ಬಿಟ್ ಎಂದರೆ ಪ್ರೊಸೆಸರಿಗಾಗಿ ಕೋಡ್ ಕಟ್ಟುವ ಎರಡು ಬೇರೆ ಬಗೆಗಳು. ವಿಂಡೋಸ್ 11 ಸ್ವತಃ 64 ಬಿಟ್ ಆದರೂ ಅದರಲ್ಲಿ 32 ಬಿಟ್ ಪ್ರೋಗ್ರಾಮುಗಳು ಓಡುತ್ತವೆ. ಆದರೆ ಒಂದೇ ಪ್ರೋಗ್ರಾಮಿನೊಳಗೆ ಎರಡನ್ನೂ ಬೆರೆಸಲು ಆಗದು. ಇಲ್ಲಿ ಹೆಸರುಗಳೂ ದಾರಿ ತಪ್ಪಿಸುತ್ತವೆ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರಿನಲ್ಲಿರುವುದು 64 ಬಿಟ್ ಫೈಲುಗಳು, ಸಿಸ್‌ವಾವ್64 ಫೋಲ್ಡರಿನಲ್ಲಿರುವುದು 32 ಬಿಟ್ ಫೈಲುಗಳು. ಹೆಸರಿಗೆ ಪೂರ್ತಿ ಉಲ್ಟಾ. ನಿಮ್ಮ ತಂತ್ರಾಂಶ 32 ಬಿಟ್‌ನದಾಗಿದ್ದರೆ, ಅದು ಸಿಸ್ಟಮ್32 ಕೇಳಿದಾಗಲೂ ವಿಂಡೋಸ್ ಅದನ್ನು ಸದ್ದಿಲ್ಲದೆ ಸಿಸ್‌ವಾವ್64ಗೆ ತಿರುಗಿಸುತ್ತದೆ. ಅಂದರೆ ಸಿಸ್ಟಮ್32ಗೆ ನೀವು ಹಾಕುವ ಫೈಲ್ ಅದರ ಕಣ್ಣಿಗೇ ಬೀಳುವುದಿಲ್ಲ. ಬೀಳುವುದು ಬೇರೆ 64 ಬಿಟ್ ಪ್ರೋಗ್ರಾಮುಗಳ ಕಣ್ಣಿಗೆ, ಕೆಡುವುದೂ ಅವೇ.

ಹಳೆಯ ಕಂಪ್ಯೂಟರ್ ಇನ್ನೂ ಓಡುತ್ತಿದ್ದರೆ ಅದನ್ನು ಸದ್ಯಕ್ಕೆ ಯಾರಿಗೂ ಕೊಡಬೇಡಿ. ಅಲ್ಲಿ ತಂತ್ರಾಂಶ ತೆರೆದು, ಟಾಸ್ಕ್ ಮ್ಯಾನೇಜರ್‌ನ ವಿವರಗಳ ಪುಟದಲ್ಲಿ ಕಾಲಂ ತಲೆಯ ಮೇಲೆ ಬಲ ಕ್ಲಿಕ್ ಮಾಡಿ ‘ಪ್ಲಾಟ್‌ಫಾರ್ಮ್’ ಕಾಲಂ ಸೇರಿಸಿ. ಅದು 32 ಬಿಟ್ಟೋ 64 ಬಿಟ್ಟೋ ಎಂದು ಅಲ್ಲೇ ಬರೆದಿರುತ್ತದೆ. ಎಂಎಸ್‌ವಿಸಿಆರ್100 ಕೇಳುವ ಕಾಲದ ತಂತ್ರಾಂಶವಾದರೆ 32 ಬಿಟ್ ಆಗಿರುವ ಸಾಧ್ಯತೆಯೇ ಹೆಚ್ಚು, ಆದರೂ ಊಹಿಸಬೇಡಿ, ನೋಡಿ.

ಇನ್ನು ಸರಿಪಡಿಸುವ ಕ್ರಮ. ಅತ್ಯುತ್ತಮ ದಾರಿ ಎಂದರೆ ತಯಾರಕರ ಮೂಲ ಇನ್‌ಸ್ಟಾಲರ್ ತಂದು, ನಕಲು ಮಾಡಿದ ಫೋಲ್ಡರನ್ನು ಬದಿಗಿಟ್ಟು, ಮೊದಲಿನಿಂದ ಇನ್‌ಸ್ಟಾಲ್ ಮಾಡುವುದು. ತಯಾರಕರು ಈ ಆವೃತ್ತಿಯನ್ನು ವಿಂಡೋಸ್ 11ಕ್ಕೆ ಒಪ್ಪಿದ್ದಾರೆಯೇ ಎಂದೂ ಆಗಲೇ ಕೇಳಿ. ಫೋಲ್ಡರ್ ನಕಲು ಮಾಡಿದಾಗ ಬರುವುದು ಫೈಲುಗಳು ಮಾತ್ರ; ರಿಜಿಸ್ಟ್ರಿಯಲ್ಲಿ (ವಿಂಡೋಸ್ ಸೆಟ್ಟಿಂಗ್‌ಗಳನ್ನು ಇಡುವ ಕೋಶ) ಬರೆದ ಸೆಟ್ಟಿಂಗ್, ಡ್ರೈವರ್, ನೋಂದಾಯಿತ ಭಾಗಗಳು, ಲೈಸೆನ್ಸ್ ಇವು ಯಾವುವೂ ಬರುವುದಿಲ್ಲ. ಸೆಟ್ಟಿಂಗ್ ಬಾರದಿರುವುದರ ಪರಿಣಾಮ ಸಣ್ಣದಲ್ಲ, ಕೆಳಗೆ ಅದಕ್ಕೆ ಬರುತ್ತೇನೆ.

ಇನ್‌ಸ್ಟಾಲರ್ ಸಿಗುವವರೆಗೆ ಕಾಯಲಾಗದಿದ್ದರೆ, ತಯಾರಕರ ಒಪ್ಪಿಗೆ ಪಡೆದು ಹೀಗೆ ಮಾಡಿ. ಬಿಡಿ ಡಿಎಲ್‌ಎಲ್ ಎಂದೂ ಹುಡುಕಬಾರದು, ಅದು ಯಾವ ಪ್ಯಾಕೇಜಿಗೆ ಸೇರಿದ್ದು ಎಂದು ಹುಡುಕಬೇಕು. ಎಂಎಸ್‌ವಿಸಿಆರ್100, ಎಂಎಸ್‌ವಿಸಿಪಿ100, ಎಂಎಫ್‌ಸಿ100 ಈ ಮೂರೂ ಮೈಕ್ರೋಸಾಫ್ಟ್‌ನ ವಿಷುಯಲ್ ಸಿ++ 2010 ರಿಡಿಸ್ಟ್ರಿಬ್ಯೂಟಬಲ್ (ಪ್ರೋಗ್ರಾಂ ಓಡಲು ಬೇಕಾದ ಸಾಮಾನ್ಯ ಲೈಬ್ರರಿಗಳ, ಅಂದರೆ ರನ್‌ಟೈಮ್‌ನ) ಪ್ಯಾಕೇಜಿನವು. ಹೆಸರಿನ ಕೊನೆಯಲ್ಲಿ 120 ಇದ್ದರೆ 2013ರದು. ವಿಸಿರನ್‌ಟೈಮ್140 ಅಥವಾ ಎಂಎಸ್‌ವಿಸಿಪಿ140 ಎಂದು ಕೇಳಿದರೆ 2015ರಿಂದ 2022ರವರೆಗಿನ ಎಲ್ಲಕ್ಕೂ ಒಂದೇ ಪ್ಯಾಕೇಜ್, ಅದರಲ್ಲಿ ಹೊಸದನ್ನು ಹಾಕಿದರೆ ಹಳೆಯವಕ್ಕೂ ಆಗುತ್ತದೆ. ಆದರೆ ಈ ಅನುಕೂಲ 2015ರ ಹಿಂದಿನವಕ್ಕೆ ಇಲ್ಲ. 2022ರ ಪ್ಯಾಕೇಜ್ ಹಾಕಿ 2010ರ ಫೈಲ್ ಬರಲೆಂದು ಕಾದರೆ ಬಾರದು. ಮೈಕ್ರೋಸಾಫ್ಟ್‌ನ ತಾಣದಿಂದಲೇ ಇಳಿಸಿ. ಎಕ್ಸ್86 ಎಂದರೆ 32 ಬಿಟ್, ಎಕ್ಸ್64 ಎಂದರೆ 64 ಬಿಟ್. ಆರಿಸಬೇಕಾದದ್ದು ವಿಂಡೋಸ್ ನೋಡಿ ಅಲ್ಲ, ತಂತ್ರಾಂಶ ನೋಡಿ. ಗೊಂದಲವೆನಿಸಿದರೆ ಎರಡನ್ನೂ ಹಾಕಿ, ಒಂದಕ್ಕೊಂದು ಅಡ್ಡಿಯಿಲ್ಲ.

ಯಾರಾದರೂ ಈಗಾಗಲೇ ಸಿಸ್‌ವಾವ್64ಗೂ ಒಂದು ಬಿಡಿ ಫೈಲ್ ತುರುಕಿದ್ದರೆ ಅದನ್ನು ಅಳಿಸಿಯೇ ಪ್ಯಾಕೇಜ್ ಓಡಿಸಿ. ಇನ್‌ಸ್ಟಾಲರ್ ಆವೃತ್ತಿ ಸಂಖ್ಯೆ ನೋಡಿ, ಅಲ್ಲಿರುವುದು ಅಷ್ಟೇ ಅಥವಾ ಹೆಚ್ಚು ಹೊಸದು ಎನಿಸಿದರೆ ಮುಟ್ಟದೆ ಬಿಟ್ಟುಬಿಡುತ್ತದೆ. ಪ್ಯಾಕೇಜ್ ಮೊದಲೇ ಇದೆ ಎಂದು ಹೇಳಿದರೆ ‘ರಿಪೇರ್’ ಒತ್ತಿ.

ಇಳಿಸಿಕೊಂಡ ಆ ಫೈಲಿನ ಬಗ್ಗೆ ಒಂದು ಮಾತು. ಡಿಎಲ್‌ಎಲ್ ಎಂದರೆ ಓಡುವ ಕೋಡ್. ಪ್ರೋಗ್ರಾಂ ಅದನ್ನು ಎತ್ತಿಕೊಂಡ ಕ್ಷಣವೇ ಅದರೊಳಗಿನ ಕೋಡ್ ಓಡಬಹುದು, ಅದೂ ಆ ಪ್ರೋಗ್ರಾಮಿಗಿರುವ ಎಲ್ಲ ಹಕ್ಕುಗಳೊಂದಿಗೆ. ರೋಗಿಗಳ ದಾಖಲೆ ತೆರೆಯುವ ತಂತ್ರಾಂಶದೊಳಗೆ ಗೊತ್ತಿಲ್ಲದ ಕೋಡ್ ಕೂರಿಸಿದ ಹಾಗೆ. ನಿಮ್ಮಲ್ಲಿ ಬಿಟ್ ಹೊಂದಿಕೆಯಾಗದ ಕಾರಣ ವಿಂಡೋಸ್ ಅದನ್ನು ಬಾಗಿಲಲ್ಲೇ ತಡೆದಿದೆ, ಅಂದರೆ ಈ ತಂತ್ರಾಂಶದೊಳಗೆ ಅದು ಓಡಿಲ್ಲ. ಆ ತಾಣ ಫೈಲಿನ ಬದಲು ‘ಸರಿಪಡಿಸುವ ಉಪಕರಣ’ ಅಂತ ಏನಾದರೂ ಕೊಟ್ಟು ನೀವು ಅದನ್ನು ಓಡಿಸಿದ್ದರೆ ಮಾತ್ರ ಕಥೆ ಬೇರೆ: ಕಂಪ್ಯೂಟರನ್ನು ಜಾಲದಿಂದ ಬಿಡಿಸಿ, ಪೂರ್ತಿ ಸ್ಕ್ಯಾನ್ ಮಾಡಿಸಿ. ಹೊಸ ಕಂಪ್ಯೂಟರ್ ತಾನೇ, ವಿಂಡೋಸನ್ನೇ ಹೊಸದಾಗಿ ಹಾಕಿಬಿಡುವುದು ಇನ್ನೂ ಲೇಸು.

ರನ್‌ಟೈಮ್ ಪ್ಯಾಕೇಜ್ ಹಾಕಿದ ಮೇಲೆ ಸಾಮಾನ್ಯವಾಗಿ ಇನ್ನೊಂದು ಹೆಸರು ಕೇಳುತ್ತದೆ. ಅದು ಕೆಟ್ಟ ಸುದ್ದಿಯಲ್ಲ, ಒಂದು ಮೆಟ್ಟಿಲು ಹತ್ತಿದಿರಿ ಎಂದರ್ಥ. ಮುಂದಿನದು ಹೆಚ್ಚಾಗಿ ರೆಕಾರ್ಡರ್ ಜೊತೆ ಮಾತಾಡುವ ಲೈಬ್ರರಿ. ಹೋಲ್ಟರ್ ಡಾಕ್‌ಗಳಲ್ಲೂ (ರೆಕಾರ್ಡರ್ ಕೂರಿಸುವ ತೊಟ್ಟಿಲು) ಯುಎಸ್‌ಬಿ ಇಸಿಜಿ ಪೆಟ್ಟಿಗೆಗಳಲ್ಲೂ ಯುಎಸ್‌ಬಿಯನ್ನು ಸೀರಿಯಲ್ ಪೋರ್ಟ್ ಆಗಿಸುವ ಚಿಪ್ ಇರುವುದು ಸಾಮಾನ್ಯ. ಡಿವೈಸ್ ಮ್ಯಾನೇಜರ್‌ನಲ್ಲಿ ಹಳದಿ ಗುರುತಿರುವ ಸಾಲನ್ನು ತೆರೆದು ಹಾರ್ಡ್‌ವೇರ್ ಐಡಿ ನೋಡಿ. ವಿಐಡಿ (ತಯಾರಕರ ಸಂಖ್ಯೆ) 0403 ಇದ್ದರೆ ಎಫ್‌ಟಿಡಿಐ ಚಿಪ್, 10ಸಿ4 ಇದ್ದರೆ ಸಿಲಿಕಾನ್ ಲ್ಯಾಬ್ಸ್, 1ಎ86 ಇದ್ದರೆ ಸಿಎಚ್340 ಬಳಗದ್ದು. ತಂತ್ರಾಂಶ ಎಫ್‌ಟಿಡಿ2ಎಕ್ಸ್‌ಎಕ್ಸ್.ಡಿಎಲ್‌ಎಲ್ ಕೇಳುತ್ತಿದ್ದರೆ ಅದು ಎಫ್‌ಟಿಡಿಐ ಡ್ರೈವರ್ ಪ್ಯಾಕೇಜಿನ ಜೊತೆಗೇ ಬರುತ್ತದೆ. ಇಲ್ಲಿ ಬಿಟ್ ಲೆಕ್ಕ ಮತ್ತೆ ಎರಡಾಗುತ್ತದೆ: ಡ್ರೈವರ್ ವಿಂಡೋಸ್‌ಗೆ ಹೊಂದಬೇಕು, ಅಂದರೆ 64 ಬಿಟ್, ಡಿಜಿಟಲ್ ಸಹಿಯೂ ಇರಬೇಕು, ಡಿಎಲ್‌ಎಲ್ ಪ್ರೋಗ್ರಾಮಿಗೆ ಹೊಂದಬೇಕು, ಅಂದರೆ ನಿಮ್ಮಲ್ಲಿ ಬಹುಶಃ 32 ಬಿಟ್. ಹಳೆಯ 32 ಬಿಟ್ ವಿಂಡೋಸ್‌ನ ಡ್ರೈವರ್ ಸಿಡಿ ಇಲ್ಲಿ ಕೆಲಸಕ್ಕೆ ಬರುವುದಿಲ್ಲ.

ಹೆಸರಿನ ಕೊನೆಗೆ ಒಸಿಎಕ್ಸ್ ಎಂದಿರುವ ಫೈಲ್ ಕೇಳಿದರೆ ಅದು ಇದ್ದರಷ್ಟೇ ಸಾಲದು, ನೋಂದಣಿ ಆಗಬೇಕು. ಅಡ್ಮಿನಿಸ್ಟ್ರೇಟರ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ರೆಗ್‌ಎಸ್‌ವಿಆರ್32 ಓಡಿಸಿ. 32 ಬಿಟ್ ಒಸಿಎಕ್ಸ್ ಆದರೆ ಸಿಸ್‌ವಾವ್64 ಫೋಲ್ಡರಿನಲ್ಲಿರುವ ರೆಗ್‌ಎಸ್‌ವಿಆರ್32 ಅನ್ನೇ ಬಳಸಿ. ಡಾಟ್‌ನೆಟ್ 3.5 ಕೇಳಿದರೆ ವಿಂಡೋಸ್‌ನ ಐಚ್ಛಿಕ ಸೌಲಭ್ಯಗಳಲ್ಲಿ ಅದನ್ನು ಆನ್ ಮಾಡಿದರೆ ಮುಗಿಯಿತು.

ಹೆಸರು ಹೇಳದೆ ಸುಮ್ಮನೆ ಮುಚ್ಚಿಕೊಳ್ಳುವ ಸಂದರ್ಭವೂ ಉಂಟು. ಆಗ ಈವೆಂಟ್ ವ್ಯೂವರ್‌ನ ಅಪ್ಲಿಕೇಶನ್ ಲಾಗ್ ನೋಡಿ. ‘ಫಾಲ್ಟಿಂಗ್ ಮಾಡ್ಯೂಲ್’ ಎಂಬ ಸಾಲಿನಲ್ಲಿ ಯಾವ ಡಿಎಲ್‌ಎಲ್ ಒಳಗೆ ಬಿದ್ದಿತು ಎಂದು ಇರುತ್ತದೆ. ಅಲ್ಲೂ ಸುಳಿವಿಲ್ಲದಿದ್ದರೆ ಮೈಕ್ರೋಸಾಫ್ಟ್‌ನ ಸಿಸ್‌ಇಂಟರ್ನಲ್ಸ್ ಸಂಗ್ರಹದ ಪ್ರೊಸೆಸ್ ಮಾನಿಟರ್ ಇದೆ: ನಿಮ್ಮ ಪ್ರೋಗ್ರಾಮಿನ ಹೆಸರಿಗೆ ಮತ್ತು ಡಿಎಲ್‌ಎಲ್ ಎಂದು ಮುಗಿಯುವ ದಾರಿಗಳಿಗೆ ಫಿಲ್ಟರ್ ಹಾಕಿ, ‘ನೇಮ್ ನಾಟ್ ಫೌಂಡ್’ ಸಾಲುಗಳನ್ನು ನೋಡಿ. ಒಂದು ಫೈಲಿಗೆ ಹಲವು ಸಲ ಹಾಗೆ ಬರುವುದು ಸಹಜ, ಒಂದೊಂದೇ ಜಾಗ ಹುಡುಕುತ್ತಿರುತ್ತದೆ. ಕೊನೆಯವರೆಗೂ ಎಲ್ಲೂ ‘ಸಕ್ಸೆಸ್’ ಕಾಣದ ಹೆಸರೇ ನಿಮಗೆ ಬೇಕಾದದ್ದು. ಡಿಪೆಂಡೆನ್ಸಿ ವಾಕರ್ ಎಂಬ ಹಳೆಯ ಉಪಕರಣ ಇಂದಿನ ವಿಂಡೋಸ್‌ನಲ್ಲಿ ಎಪಿಐ-ಎಂಎಸ್-ವಿನ್ ಎಂದು ಶುರುವಾಗುವ ಹತ್ತಾರು ಫೈಲುಗಳು ಇಲ್ಲ ಎಂದು ಸುಳ್ಳೇ ಕೂಗುತ್ತದೆ, ಅದರ ಮಾತಿಗೆ ಬೆದರಬೇಡಿ. ಆ್ಯಂಟಿವೈರಸ್‌ನ ಕ್ವಾರಂಟೈನ್ ಪಟ್ಟಿಯನ್ನೂ ಒಮ್ಮೆ ತೆರೆದು ನೋಡಿ. ಸಹಿಯಿಲ್ಲದ ಹಳೆಯ ಡಿಎಲ್‌ಎಲ್‌ಗಳನ್ನು ಅದು ಎತ್ತಿಟ್ಟುಕೊಂಡಿರುವುದುಂಟು.

ಈಗ ನಿಮ್ಮ ಎರಡನೆಯ ಪ್ರಶ್ನೆ. ನನ್ನ ಮಟ್ಟಿಗೆ ಮೊದಲನೆಯದಕ್ಕಿಂತ ಇದೇ ದೊಡ್ಡದು. ಕಾಣೆಯಾದ ಡಿಎಲ್‌ಎಲ್ ಗದ್ದಲ ಮಾಡುತ್ತದೆ, ತಂತ್ರಾಂಶ ತೆರೆಯುವುದೇ ಇಲ್ಲ, ಯಾರಿಗೂ ತಪ್ಪು ವರದಿ ಹೋಗುವುದಿಲ್ಲ. ಹೆದರಬೇಕಾದದ್ದು ಸದ್ದಿಲ್ಲದೆ ತೆರೆದುಕೊಂಡು ಸ್ವಲ್ಪವೇ ತಪ್ಪು ಲೆಕ್ಕ ಕೊಡುವ ಜೋಡಣೆಗೆ. ರನ್‌ಟೈಮ್ ಫೈಲುಗಳಿಂದ ಅಂಥದ್ದು ಆಗುವುದು ಅಪರೂಪ. ಆಗುವುದು ಸಂಕೇತವನ್ನು ಅಳೆಯುವ ಲೈಬ್ರರಿಯನ್ನು ಬೇರೆ ಆವೃತ್ತಿಯಿಂದ ಎರವಲು ತಂದಾಗ, ಅಥವಾ ಅದರ ಸೆಟ್ಟಿಂಗ್ ಕಳೆದುಹೋದಾಗ.

ಬಡಿತ ಹುಡುಕುವ ಕೋಡ್ ಹೇಗೆ ಕೆಲಸ ಮಾಡುತ್ತದೆಂದು ನೋಡಿದರೆ ಅಪಾಯ ಎಲ್ಲಿದೆ ಎಂದು ತಿಳಿಯುತ್ತದೆ. 1985ರಲ್ಲಿ ಪ್ಯಾನ್ ಮತ್ತು ಟಾಂಪ್‌ಕಿನ್ಸ್ ಪ್ರಕಟಿಸಿದ ವಿಧಾನ ಇಂದಿಗೂ ಅನೇಕ ಲೈಬ್ರರಿಗಳ ಬುನಾದಿ. ಅಲೆಯನ್ನು ಸುಮಾರು 5ರಿಂದ 15 ಹರ್ಟ್ಸ್ ಪಟ್ಟಿಯಲ್ಲಿ ಸೋಸಿ, ಇಳಿಜಾರು ಲೆಕ್ಕಹಾಕಿ, ವರ್ಗ ಮಾಡಿ, ಒಂದು ಕಿಟಕಿಯಷ್ಟು ಉದ್ದಕ್ಕೆ ಸರಾಸರಿ ತೆಗೆಯುತ್ತದೆ. ಆಮೇಲೆ ಒಂದು ಬಡಿತ ಸಿಕ್ಕ 200 ಮಿಲಿಸೆಕೆಂಡ್ ಒಳಗೆ ಇನ್ನೊಂದನ್ನು ಒಪ್ಪುವುದಿಲ್ಲ. ಮೂಲದಲ್ಲಿ ಸೆಕೆಂಡಿಗೆ 200 ಸ್ಯಾಂಪಲ್ (ಅಲೆಯ ಎತ್ತರದ ಒಂದೊಂದು ಅಳತೆ), ಕಿಟಕಿ 30 ಸ್ಯಾಂಪಲ್, ಅಂದರೆ 150 ಮಿಲಿಸೆಕೆಂಡ್. ಆ 30ರಂಥ ಸ್ಯಾಂಪಲ್ ಅಂಕಿಗಳನ್ನು ಕೋಡಿನಲ್ಲಿ ಕೆತ್ತಿಬಿಟ್ಟ ಲೈಬ್ರರಿಗೆ ಸೆಕೆಂಡಿಗೆ 500 ಸ್ಯಾಂಪಲ್‌ನ ದಾಖಲೆ ಕೊಟ್ಟರೆ ಅದೇ ಕಿಟಕಿ 60 ಮಿಲಿಸೆಕೆಂಡಿಗೆ ಕುಗ್ಗುತ್ತದೆ, 200 ಮಿಲಿಸೆಕೆಂಡಿನ ತಡೆಯೂ ಕುಗ್ಗುತ್ತದೆ, ಸೋಸುವ ಪಟ್ಟಿಯೂ ಜರಗುತ್ತದೆ. ಆಗ ಅಗಲವಾದ ಕ್ಯೂಆರ್‌ಎಸ್ (ಬಡಿತದ ಮುಖ್ಯ ಚೂಪು ಅಲೆ) ಒಂದೇ ಎರಡಾಗಿ ಎಣಿಕೆಯಾಗಬಹುದು, ಅದರ ನಂತರ ಬರುವ ಎತ್ತರದ ಟಿ ಅಲೆ ಬಡಿತವೆಂದು ದಾಖಲಾಗಬಹುದು. ತಂತ್ರಾಂಶ ಮಾತ್ರ ಯಾವ ದೋಷವನ್ನೂ ತೋರಿಸುವುದಿಲ್ಲ.

ದೊಡ್ಡ ತಪ್ಪು ಕಣ್ಣಿಗೆ ಹೊಡೆಯುತ್ತದೆ. ಸೆಕೆಂಡಿಗೆ 500 ಸ್ಯಾಂಪಲ್ ಇದ್ದದ್ದನ್ನು 250 ಎಂದು ಓದಿದರೆ 60ರ ಬಡಿತ 30 ಆಗುತ್ತದೆ, 24 ಗಂಟೆಯ ದಾಖಲೆ 48 ಗಂಟೆಯಾಗುತ್ತದೆ. ಯಾರಾದರೂ ಹಿಡಿಯುತ್ತಾರೆ. ಸಣ್ಣದು ಹಾಗಲ್ಲ. 256ರಲ್ಲಿ ದಾಖಲಿಸಿದ್ದನ್ನು 250 ಎಂದು ಓದಿದರೆ 60 ಬಡಿತ 58.6 ಆಗುತ್ತದೆ, 400 ಮಿಲಿಸೆಕೆಂಡಿನ ಕ್ಯೂಟಿ (ಕ್ಯೂಆರ್‌ಎಸ್ ಆರಂಭದಿಂದ ಟಿ ಅಲೆಯ ಕೊನೆಯವರೆಗಿನ ಅವಧಿ) 410ರ ಹತ್ತಿರ ತೋರುತ್ತದೆ. ಪರದೆಯಲ್ಲಿ ಎಲ್ಲ ಸಹಜವಾಗಿಯೇ ಕಾಣುತ್ತದೆ. ಇದನ್ನು ಹಿಡಿಯುವ ಸುಲಭ ಉಪಾಯ ದಾಖಲೆಯ ಕೊನೆಯ ಸಮಯ ನೋಡುವುದು: ಇಂಥ ತಪ್ಪಿದ್ದರೆ ಸರಿಯಾಗಿ 24 ಗಂಟೆಯ ದಾಖಲೆ 24 ಗಂಟೆ 34 ನಿಮಿಷಕ್ಕೆ ಮುಗಿದಂತೆ ತೋರಿಸುತ್ತದೆ.

ಸೆಟ್ಟಿಂಗ್ ವಿಷಯ. ಫಿಲ್ಟರ್ ಆಯ್ಕೆಗಳನ್ನು ರಿಜಿಸ್ಟ್ರಿಯಲ್ಲಿ ಇಡುವ ತಂತ್ರಾಂಶವಾದರೆ ಫೋಲ್ಡರ್ ನಕಲಿನಲ್ಲಿ ಅವು ಬರುವುದಿಲ್ಲ, ಕಾರ್ಖಾನೆಯ ಆಯ್ಕೆಗೆ ಮರಳುತ್ತದೆ. ಕೆಳಮಿತಿ 0.05 ಹರ್ಟ್ಸ್ ಇದ್ದದ್ದು 0.5 ಆದರೆ ತಳರೇಖೆ ಚಂದವಾಗಿ ನೇರವಾಗುತ್ತದೆ, ಆದರೆ ಸಾಧಾರಣ ಫಿಲ್ಟರಿನಲ್ಲಿ ಎಸ್‌ಟಿ ಭಾಗ (ಕ್ಯೂಆರ್‌ಎಸ್ ಮತ್ತು ಟಿ ಅಲೆಯ ನಡುವಿನದು) ತಿರುಚಿಕೊಳ್ಳುತ್ತದೆ. ಇಲ್ಲದ ತಗ್ಗು ಕಾಣಬಹುದು, ಇರುವ ತಗ್ಗಿನ ಅಳತೆ ಬದಲಾಗಬಹುದು. ವಿದ್ಯುತ್ ಗದ್ದಲ ತೆಗೆಯುವ ಫಿಲ್ಟರ್ 50 ಹರ್ಟ್ಸ್ ಬದಲು 60ಕ್ಕೆ ಕೂತರೆ ಅಲೆಯ ಮೇಲೆಲ್ಲ ನಯವಾದ ನಡುಕ ಕಾಣುತ್ತದೆ, ಜನ ಎಲೆಕ್ಟ್ರೋಡನ್ನು ದೂರುತ್ತಾರೆ. ಹಳೆಯ ಕಂಪ್ಯೂಟರಿನಲ್ಲಿ ಸೆಟ್ಟಿಂಗ್ ಪುಟಗಳನ್ನೆಲ್ಲ ತೆರೆದು ಒಂದೊಂದರ ಚಿತ್ರ ತೆಗೆದಿಟ್ಟುಕೊಳ್ಳಿ, ಹೊಸದರಲ್ಲಿ ಸಾಲುಸಾಲಾಗಿ ಹೋಲಿಸಿ.

ಇಷ್ಟಾದ ಮೇಲೆ ಪರೀಕ್ಷೆ. ಎರಡೂ ಕಂಪ್ಯೂಟರಿನಲ್ಲಿ ತಂತ್ರಾಂಶದ ಸ್ವಂತ ಡಿಎಲ್‌ಎಲ್‌ಗಳ ಎಸ್‌ಎಚ್‌ಎ-256 ಹ್ಯಾಶ್ (ಫೈಲಿನ ಬೆರಳಚ್ಚಿನಂಥ ಸಂಕೇತ) ತೆಗೆಯಿರಿ. ವಿಂಡೋಸ್‌ನಲ್ಲೇ ಇರುವ ಸರ್ಟ್‌ಯುಟಿಲ್ ಆಜ್ಞೆಗೆ ಹ್ಯಾಶ್‌ಫೈಲ್ ಎಂಬ ಆಯ್ಕೆ ಕೊಟ್ಟು, ಫೈಲ್ ಹೆಸರಿನ ಕೊನೆಗೆ ಎಸ್‌ಎಚ್‌ಎ256 ಎಂದೂ ಬರೆದರೆ 64 ಅಕ್ಷರಗಳ ಸಾಲು ಬರುತ್ತದೆ. ಒಂದಕ್ಷರ ಬೇರೆಯಾದರೂ ಅದು ಬೇರೆ ಫೈಲ್. ಆಮೇಲೆ ಹಳೆಯ ಮೂರು ದಾಖಲೆ ಆರಿಸಿ: ಒಂದು ಸಲೀಸಾದದ್ದು, ಒಂದು ಎಕ್ಟೋಪಿಕ್ (ಸಹಜ ಜಾಗದಿಂದಲ್ಲದೆ ಹುಟ್ಟುವ) ಬಡಿತ ತುಂಬಿದ್ದು, ಒಂದು ಗದ್ದಲವಿರುವುದು. ಎರಡೂ ಕಡೆ ಹೊಸದಾಗಿ ವಿಶ್ಲೇಷಿಸಿ, ಒಟ್ಟು ಬಡಿತ, ಕನಿಷ್ಠ ಮತ್ತು ಗರಿಷ್ಠ ದರ, ಅತಿ ಉದ್ದದ ವಿರಾಮ, ಎಕ್ಟೋಪಿಕ್ ಸಂಖ್ಯೆ ಹೋಲಿಸಿ. ‘ಹೊಸದಾಗಿ’ ಎಂಬುದಕ್ಕೆ ಒತ್ತು ಕೊಡಿ. ಅನೇಕ ತಂತ್ರಾಂಶಗಳು ಹಿಂದೆ ಉಳಿಸಿದ ಫಲಿತಾಂಶದ ಫೈಲನ್ನೇ ತೆರೆದು ತೋರಿಸಿಬಿಡುತ್ತವೆ, ಅದು ಹೊಂದಿಕೆಯಾದರೆ ಏನೂ ಸಾಬೀತಾಗುವುದಿಲ್ಲ. ಮೂಲ ಅಲೆಯ ಪ್ರತಿ ಮಾತ್ರ ಬೇರೆ ಫೋಲ್ಡರಿಗೆ ಹಾಕಿ ಅಲ್ಲಿಂದ ತೆರೆಯಿರಿ. ಕೈಯಿಂದ ತಿದ್ದಿದ ಬಡಿತಗಳಿರುವ ಹಳೆಯ ವರದಿಯ ಜೊತೆ ಹೋಲಿಸಬೇಡಿ, ಅದು ಹೊಂದುವುದೇ ಇಲ್ಲ.

ಇಸಿಜಿ ಸಿಮ್ಯುಲೇಟರ್ ಸಿಕ್ಕರೆ ಇನ್ನೂ ಒಳ್ಳೆಯದು. 60 ಬಡಿತ, 1 ಮಿಲಿವೋಲ್ಟ್ ಇಟ್ಟು ಹತ್ತು ನಿಮಿಷ ದಾಖಲಿಸಿದರೆ 600ರ ಆಸುಪಾಸು ಎಣಿಕೆ ಬರಬೇಕು, ತುದಿಯಲ್ಲಿ ಒಂದೆರಡು ಬಿಟ್ಟುಹೋಗಬಹುದು. ಸೆಕೆಂಡಿಗೆ 25 ಮಿಲಿಮೀಟರ್ ವೇಗದ ಮುದ್ರಣದಲ್ಲಿ ಒಂದು ಆರ್‌ನಿಂದ (ಕ್ಯೂಆರ್‌ಎಸ್‌ನ ಶಿಖರ) ಇನ್ನೊಂದಕ್ಕೆ ಐದು ದೊಡ್ಡ ಚೌಕ, 1 ಮಿಲಿವೋಲ್ಟ್‌ಗೆ 10 ಮಿಲಿಮೀಟರ್ ಎತ್ತರ. ಅಳತೆಪಟ್ಟಿ ಇಡುವುದು ಕಾಗದದ ಮೇಲೆ, ಪರದೆಯ ಮೇಲಲ್ಲ. ಪ್ರಿಂಟರ್ ‘ಪುಟಕ್ಕೆ ಹೊಂದಿಸು’ ಎಂಬ ಆಯ್ಕೆಯಲ್ಲಿದ್ದರೆ ಚೌಕವೇ ಕುಗ್ಗಿರುತ್ತದೆ, ಮೊದಲು ಅದನ್ನು ತೆಗೆಯಿರಿ.

ಹೊಸ ಕಂಪ್ಯೂಟರಿನಲ್ಲಿ 16 ಜಿಬಿ ರ್‍ಯಾಮ್ ಇದ್ದೂ ದೊಡ್ಡ ದಾಖಲೆಗೆ ‘ಮೆಮೊರಿ ಸಾಲದು’ ಎಂದರೆ ಡಿಎಲ್‌ಎಲ್ ಹುಡುಕಬೇಡಿ. 32 ಬಿಟ್ ಪ್ರೋಗ್ರಾಮಿಗೆ ಸಾಮಾನ್ಯವಾಗಿ ಸಿಗುವುದು 2 ಜಿಬಿ ಜಾಗ. ಮೂರು ಚಾನೆಲ್, ಸೆಕೆಂಡಿಗೆ 250 ಸ್ಯಾಂಪಲ್, ಸ್ಯಾಂಪಲ್‌ಗೆ 2 ಬೈಟ್ ಎಂದರೆ ಒಂದು ದಿನಕ್ಕೆ ಸುಮಾರು 130 ಎಂಬಿ. ಲೆಕ್ಕಕ್ಕಾಗಿ ಪ್ರತಿ ಸ್ಯಾಂಪಲನ್ನು 8 ಬೈಟಿಗೆ ಹಿಗ್ಗಿಸಿದರೆ 520 ಎಂಬಿ ಹತ್ತಿರ. ಸೋಸಿದ ಪ್ರತಿ, ಸೋಸದ ಪ್ರತಿ ಎಂದು ಎರಡು ಮೂರು ಇಟ್ಟುಕೊಂಡರೆ ಅಲ್ಲಿಗೆ ಮುಗಿಯಿತು. ಮೂರು ದಿನದ ದಾಖಲೆಗೆ ಅಂಥ ತಂತ್ರಾಂಶದ 64 ಬಿಟ್ ಆವೃತ್ತಿಯೇ ಬೇಕು.

ತಯಾರಕರಿಗೆ ಬರೆಯುವಾಗ, ತಂತ್ರಾಂಶದ ಆವೃತ್ತಿ ಹೇಳಿ ಅದರೊಂದಿಗೆ ಪರೀಕ್ಷಿಸಿದ ಹೊರಗಿನ ಲೈಬ್ರರಿಗಳ ಪಟ್ಟಿ ಕೇಳಿ. ವೈದ್ಯಕೀಯ ತಂತ್ರಾಂಶಕ್ಕಿರುವ ಐಇಸಿ 62304 ಮಾನದಂಡ ಪಾಲಿಸುವವರು ಇಂಥ ಭಾಗಗಳನ್ನು ಆವೃತ್ತಿ ಸಹಿತ ಗುರುತಿಸಿ ಇಟ್ಟಿರಲೇಬೇಕು. ಅವರು ಪರೀಕ್ಷಿಸಿದ್ದು ಆ ಜೋಡಣೆಯನ್ನು. ನೀವು ಒಂದು ಲೈಬ್ರರಿ ಬದಲಿಸಿದರೆ ಆ ಪರೀಕ್ಷೆಯ ಬಲ ನಿಮ್ಮ ಕಂಪ್ಯೂಟರಿಗೆ ಸಿಗುವುದಿಲ್ಲ.

ಇನ್ನು ಫೋನ್. ಆ್ಯಂಡ್ರಾಯ್ಡ್‌ನಲ್ಲಿ ಡಿಎಲ್‌ಎಲ್‌ನ ಕೆಲಸ ಮಾಡುವುದು ಎಸ್‌ಒ ಎಂದು ಮುಗಿಯುವ ಫೈಲುಗಳು, ಅವು ಪ್ರೊಸೆಸರ್ ಬಗೆಗೆ ತಕ್ಕಂತೆ ಬೇರೆ ಬೇರೆ ಇರುತ್ತವೆ. ಪ್ಲೇ ಸ್ಟೋರ್ ಅನೇಕ ಆ್ಯಪ್‌ಗಳನ್ನು ತುಂಡುಗಳಾಗಿ ಕಳಿಸುತ್ತದೆ: ಮೂಲ ಎಪಿಕೆ (ಆ್ಯಪ್‌ನ ಇನ್‌ಸ್ಟಾಲ್ ಫೈಲ್) ಒಂದು, ಆ ಫೋನಿನ ಪ್ರೊಸೆಸರಿಗೆ ಬೇಕಾದ ಲೈಬ್ರರಿಗಳದ್ದು ಇನ್ನೊಂದು. ನೀವು ಕಳಿಸಿದ್ದು ಮೂಲ ಎಪಿಕೆ ಮಾತ್ರ ಆಗಿದ್ದರೆ, ಆ್ಯಪ್ ಇನ್‌ಸ್ಟಾಲ್ ಆದರೂ ಅಲೆ ಅಳೆಯುವ ಎಸ್‌ಒ ಫೈಲ್ ಒಳಗಿರುವುದಿಲ್ಲ. ಕರೆದ ಕ್ಷಣವೇ ಆ್ಯಪ್ ಬೀಳುತ್ತದೆ. ಅದನ್ನು ತೆಗೆದುಹಾಕಿ ಆ ಫೋನಿನಲ್ಲೇ ಪ್ಲೇ ಸ್ಟೋರಿನಿಂದ ಇನ್‌ಸ್ಟಾಲ್ ಮಾಡಿ. ತೆಗೆಯುವ ಮೊದಲು ಅದರಲ್ಲಿ ಕಳಿಸದೆ ಉಳಿದ ದಾಖಲೆ ಇದೆಯೇ ನೋಡಿಕೊಳ್ಳಿ, ಆ್ಯಪ್ ಜೊತೆಗೆ ಅದೂ ಅಳಿಸಿಹೋಗುತ್ತದೆ.